ಇಲ್ಲದ ಬಾಗಿಲಿಗೆ ಅಂಟಿಸಿದ ಸಮನ್ಸ್: ಕಾನೂನು ಸಚಿವರಿಗೆ ಒಂದು ಬಹಿರಂಗ ಪತ್ರ

ಮಾನ್ಯ ಕಾನೂನು ಮತ್ತು ಸಂಸದೀಯ ವ್ಯವಹಾರಗಳ ಸಚಿವರಿಗೆ,
ಕರ್ನಾಟಕ ಸರ್ಕಾರ, ವಿಧಾನಸೌಧ, ಬೆಂಗಳೂರು

ವಿಷಯ: ಹಣ ವಸೂಲಿ ದಾವೆಗಳಲ್ಲಿ ಸಮನ್ಸ್ ತಲುಪದೆಯೇ ಆಗುವ ಏಕಪಕ್ಷೀಯ ಡಿಕ್ರಿಗಳ ಕುರಿತು

ಮಾನ್ಯರೇ,

ಸಮನ್ಸ್ ಸರಿಯಾಗಿ ಜಾರಿಯಾಗದೆ, ಪ್ರತಿವಾದಿಯ ಗೈರಿನಲ್ಲೇ ಏಕಪಕ್ಷೀಯ ಡಿಕ್ರಿ (ಕೋರ್ಟಿನ ತೀರ್ಮಾನ) ಆಗಿದ್ದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 9, ನಿಯಮ 13ರಡಿ ಅದನ್ನು ರದ್ದುಪಡಿಸಲು ಕೋರಬಹುದು ಎಂಬುದು ತಮಗೆ ತಿಳಿಯದ್ದೇನಲ್ಲ. ಹಾಗೆ ಕೋರಿ ವರ್ಷಗಟ್ಟಲೆ ಅಲೆಯುತ್ತಿರುವ ದಾವಣಗೆರೆಯ ದರ್ಜಿಯೊಬ್ಬರ ಪತ್ರವಿದು. ನನ್ನ ಪ್ರಕರಣ ನ್ಯಾಯಾಲಯದ ಮುಂದಿರುವುದರಿಂದ ಅದರಲ್ಲಿ ತಾವು ಕೈಹಾಕಬೇಕೆಂದು ಕೇಳುತ್ತಿಲ್ಲ. ಸಮನ್ಸ್ ಅಂಟಿಸಿದ ಜಾಗದ ಫೋಟೋ ಕಡತದಲ್ಲಿಲ್ಲದೆ, ಸಾಲಗಾರರ ಫೋನಿಗೆ ಸಂದೇಶ ಹೋಗದೆ, ಯಾರ ಮೇಲೂ ಏಕಪಕ್ಷೀಯ ಡಿಕ್ರಿ ಆಗದಂತೆ ನಿಯಮ ತನ್ನಿ ಎಂದಷ್ಟೇ ಕೇಳುತ್ತಿದ್ದೇನೆ.

ಹೊಲಿಗೆ ಯಂತ್ರಗಳಿಗಾಗಿ ಖಾಸಗಿ ಫೈನಾನ್ಸೊಂದರಿಂದ ಸಾಲ ಪಡೆದಿದ್ದೆ. ಕಂತು ಕಟ್ಟಿದ ರಸೀದಿಗಳೆಲ್ಲ ನನ್ನ ಬಳಿ ಇವೆ. ತಕರಾರು ಇದ್ದದ್ದು 2020ರ ಲಾಕ್‌ಡೌನ್ ತಿಂಗಳುಗಳ ದಂಡಬಡ್ಡಿಯದು ಮಾತ್ರ. ಅದಕ್ಕಾಗಿ ಅವರ ವಸೂಲಿಯ ಹುಡುಗರು ಹೊತ್ತುಗೊತ್ತಿಲ್ಲದೆ ಫೋನ್ ಮಾಡುತ್ತಿದ್ದರು, ಅಂಗಡಿಗೂ ಬರುತ್ತಿದ್ದರು. ಆದರೆ ದಾವೆ ಹೂಡುವಾಗ ಅದೇ ಫೈನಾನ್ಸಿಗೆ ನಾನು ಎಂದೋ ಬಿಟ್ಟ ಬಾಡಿಗೆ ಮನೆಯ ವಿಳಾಸವೊಂದೇ ನೆನಪಾಯಿತು.

ಡಿಕ್ರಿಯಾಗಿದೆ ಎಂದು ನನಗೆ ಗೊತ್ತಾದದ್ದು ಕೋರ್ಟಿನ ಆದೇಶ ಜಾರಿ ಮಾಡುವ ಅಮೀನರು ಜಪ್ತಿಗೆ ಬಂದಾಗ. ಆಗ ಮಾತ್ರ ಅವರು ದಾರಿ ತಪ್ಪದೆ ನೇರ ಅಂಗಡಿಗೇ ಬಂದರು! ಓವರ್‌ಲಾಕ್ ಯಂತ್ರದ ಸೂಜಿಯ ಕೆಳಗೆ ಅರ್ಧ ಹೊಲಿದ ರವಿಕೆ ಹಾಗೇ ಇತ್ತು. ಅದನ್ನು ಪಕ್ಕಕ್ಕೆ ಸರಿಸಿ ಯಂತ್ರದ ನಂಬರ್ ಬರೆದುಕೊಂಡರು. ಮದುವೆಯ ಬಟ್ಟೆ ಒಯ್ಯಲು ಬಂದಿದ್ದ ಗಿರಾಕಿಯೊಬ್ಬರು ತಮ್ಮ ಸೀರೆಯನ್ನೂ ತೆಗೆದುಕೊಂಡು ಹೋಗುತ್ತಾರೆಯೇ ಎಂದು ಗಾಬರಿಯಿಂದ ಕೇಳಿದರು. ಕಸುಬುದಾರರ ಉಪಕರಣಗಳನ್ನು ಅದೇ ಸಂಹಿತೆಯ ಕಲಂ 60ರಂತೆ ಜಪ್ತಿ ಮಾಡುವಂತಿಲ್ಲ ಎಂದು ಪಕ್ಕದ ಅಂಗಡಿಯವರ ಪರಿಚಯದ ವಕೀಲರು ಫೋನಿನಲ್ಲೇ ಹೇಳಿದರು. ಅಮೀನರು, ‘ಅದನ್ನೆಲ್ಲ ಕೋರ್ಟಿನಲ್ಲಿ ಹೇಳಿಕೊಳ್ಳಿ’ ಎಂದರು.

ಆಮೇಲೆ ಕಡತದ ನಕಲು ತೆಗೆಸಿ ನೋಡಿದೆ. ಸಮನ್ಸಿನ ಹಿಂಬದಿಯಲ್ಲಿ ‘ಪ್ರತಿವಾದಿ ಮನೆಯಲ್ಲಿ ಇಲ್ಲದ ಕಾರಣ ಬಾಗಿಲಿಗೆ ಅಂಟಿಸಲಾಗಿದೆ’ ಎಂದು ಸಮನ್ಸ್ ತಲುಪಿಸುವ ಜಾರಿಕಾರರು ಬರೆದ ಷರಾ ಇತ್ತು. ಆ ದಿನಾಂಕದ ಹೊತ್ತಿಗೆ ಮನೆಯನ್ನೇ ಕೆಡವಿ, ಅಪಾರ್ಟ್‌ಮೆಂಟಿಗಾಗಿ ಪಾಯ ತೋಡಿ ತಿಂಗಳುಗಳೇ ಆಗಿದ್ದವು. ಮನೆ ತೋರಿಸಿದವರು ಯಾರು, ಯಾರ ಸಮ್ಮುಖದಲ್ಲಿ ಅಂಟಿಸಲಾಯಿತು ಎಂಬುದನ್ನು ಷರಾದಲ್ಲಿ ನಮೂದಿಸಬೇಕೆಂದು ಆದೇಶ 5ರ 17ನೇ ನಿಯಮ ಹೇಳುತ್ತದೆ. ಅಲ್ಲಿ ಯಾರ ಹೆಸರೂ ಇರಲಿಲ್ಲ. ಷರಾಕ್ಕೆ ಪ್ರಮಾಣಪತ್ರ ಇಲ್ಲದಿದ್ದರೆ ಜಾರಿಕಾರರನ್ನು ಪ್ರಮಾಣದ ಮೇಲೆ ವಿಚಾರಿಸಬೇಕೆಂದು 19ನೇ ನಿಯಮ ಹೇಳುತ್ತದೆ; ಅದೂ ಆಗಿರಲಿಲ್ಲ. ಇಲ್ಲದ ಬಾಗಿಲಿಗೆ ಕಾಗದ ಅಂಟಿಸುವಷ್ಟು ಕೈಚಳಕ ಇರುವವರನ್ನು ಸರ್ಕಾರ ಸನ್ಮಾನಿಸಬೇಕು, ಸ್ವಾಮಿ.

ಸಮನ್ಸ್ ಸರಿಯಾಗಿ ಜಾರಿಯಾಗದಿದ್ದರೆ, ಡಿಕ್ರಿಯ ವಿಷಯ ತಿಳಿದ ದಿನದಿಂದ 30 ದಿನಗಳ ಅವಧಿಯನ್ನು 1963ರ ಕಾಲಮಿತಿ ಕಾಯ್ದೆಯ 123ನೇ ಅನುಚ್ಛೇದ ಕೊಡುತ್ತದೆ. ಅದರೊಳಗೇ ಅರ್ಜಿ ಹಾಕಿದೆ. ಅರ್ಜಿ ಹಾಕಿದ ಮಾತ್ರಕ್ಕೆ ಡಿಕ್ರಿಯ ಅಮಲ್ಜಾರಿ, ಅಂದರೆ ಜಪ್ತಿ-ವಸೂಲಿ, ನಿಲ್ಲುವುದಿಲ್ಲ, ತಡೆಯಾಜ್ಞೆ ಬೇರೆ ಕೇಳಬೇಕು. ತಡೆಯಾಜ್ಞೆಗಾಗಿ ಡಿಕ್ರಿ ಹಣದ ಒಂದು ಭಾಗವನ್ನು ಠೇವಣಿ ಇಡಬೇಕಾಯಿತು. ಮನೆಯವರ ಬಳೆ ಅಡವಿಟ್ಟು ಕಟ್ಟಿದೆ. ಇನ್ನು ನನ್ನ ಅರ್ಜಿಯ ನೋಟಿಸು ಫೈನಾನ್ಸಿನ ಕಚೇರಿಗೆ ಹೋದಾಗಲೆಲ್ಲ ‘ಜಾರಿಯಾಗಿಲ್ಲ’ ಎಂದು ವಾಪಸು ಬರುತ್ತದೆ. ಊರಿಗೆಲ್ಲ ಕಾಣುವ ಬೋರ್ಡು ಜಾರಿಕಾರರಿಗೆ ಮಾತ್ರ ಕಾಣುವುದಿಲ್ಲ. ಫೈನಾನ್ಸಿನವರ ಮೇಲೆ ಏಕಪಕ್ಷೀಯ ಆದೇಶ ಆಗುವುದಿಲ್ಲ. ಮುಂದಿನ ದಿನಾಂಕ ಬೀಳುತ್ತದೆ.

ಫೋನು ಹೊಸ ವಸ್ತುವೇನೂ ಅಲ್ಲ. ವಿದ್ಯುನ್ಮಾನ ಮಾರ್ಗದಲ್ಲಿ ಸಮನ್ಸ್ ಕಳಿಸಲು ಆದೇಶ 5ರ 9ನೇ ನಿಯಮದಲ್ಲೇ ಅವಕಾಶವಿದೆ, 2020ರಲ್ಲಿ ಕೋವಿಡ್ ಹೊತ್ತಿನಲ್ಲಿ ಸುಪ್ರೀಂ ಕೋರ್ಟು ವಾಟ್ಸಾಪನ್ನೂ ಒಪ್ಪಿತ್ತು. ಜಾರಿಕಾರರು ಹೋದ ಜಾಗ ದಾಖಲಾಗಲೆಂದೇ ಎನ್‌ಸ್ಟೆಪ್ ಎಂಬ ಕೋರ್ಟುಗಳ ವಿದ್ಯುನ್ಮಾನ ವ್ಯವಸ್ಥೆ ಬಂದಿದೆ. ಕಂತು ತಪ್ಪಿದ ಮರುದಿನವೇ ಫೋನ್ ಮಾಡುವವರಿಗೆ ದಾವೆಯಲ್ಲಿ ಆ ನಂಬರನ್ನು ಪ್ರಮಾಣೀಕರಿಸಿ ಬರೆದುಕೊಡಲು ಏನು ಕಷ್ಟ?

ನಿಯಮ ರಚನೆ ಹೈಕೋರ್ಟಿನ ಕೆಲಸ ಎಂಬ ಉತ್ತರವನ್ನು ದಯವಿಟ್ಟು ಕೊಡಬೇಡಿ. ಸಂಹಿತೆಯ ಕಲಂ 122ರ ನಿಯಮ ರಚನೆಯ ಅಧಿಕಾರ ಹೈಕೋರ್ಟಿನದು, ನಿಜ. ಆ ನಿಯಮಗಳಿಗೆ ಕಲಂ 126ರಂತೆ ಪೂರ್ವಾನುಮೋದನೆ ಕೊಡಬೇಕಾದದ್ದು ರಾಜ್ಯ ಸರ್ಕಾರ. ಫೋಟೋ ಮತ್ತು ಫೋನ್ ಸಂದೇಶ, ಈ ಎರಡೂ ಕಡತದಲ್ಲಿಲ್ಲದೆ ಹಣದ ದಾವೆಗಳಲ್ಲಿ ಏಕಪಕ್ಷೀಯ ಡಿಕ್ರಿ ಬೇಡ ಎಂಬ ಪ್ರಸ್ತಾವವನ್ನು ತಮ್ಮ ಇಲಾಖೆ ಹೈಕೋರ್ಟಿಗೆ ಬರೆದು ಕಳಿಸಲಿ. ಬರೆದ ದಿನ ಅದರ ಪ್ರತಿಯನ್ನು ಪ್ರಕಟಿಸಿ. ನನಗೆ ಅಂಚೆಯಲ್ಲಿ ಕಳಿಸುವುದಾದರೆ ದಯವಿಟ್ಟು ಅಂಗಡಿಯ ವಿಳಾಸಕ್ಕೇ ಕಳಿಸಿ. ಅದು ಅಮೀನರಿಗೆ ಗೊತ್ತಿದೆ.

ಇಂತಿ,
ಏಕಪಕ್ಷೀಯ ಡಿಕ್ರಿಗೆ ಗುರಿಯಾದ ಒಬ್ಬ ದರ್ಜಿ
ದಾವಣಗೆರೆ