ಮಗಳಿಗೊಂದು ಪತ್ರ: ಮುಳುಗಿದ ಊರು, ನಾಲೆಯ ನೀರು

ಪಾಂಡವಪುರ

ಪ್ರೀತಿಯ ಪುಟ್ಟಿ,

ನಿನ್ನ ಕಲಾಕೃತಿಯದ್ದು ಅಂತ ನೀನು ಕಳಿಸಿದ ವಿಡಿಯೊ ಅಪ್ಪ, ಅಜ್ಜಿ, ನಾನು ಮೂವರೂ ಕೂತು ನೋಡಿದೆವು. ಅಜ್ಜಿಯ ಹಳೇ ಸೀರೆಯನ್ನೇ ಪರದೆ ಮಾಡಿ ಅದರ ಮೇಲೆ ಕನ್ನಂಬಾಡಿ ಹಿನ್ನೀರು ಆಡುವ ಹಾಗೆ ಮಾಡಿದ್ದೀಯ. ಅದರಲ್ಲಿ ತಮ್ಮದೇ ದನಿ ಕೇಳಿ ಅಜ್ಜಿ, "ನಮ್ಮವ್ವನೂ ಹಿಂಗೇ ಹೇಳ್ತಿದ್ದದ್ದು ಕಣವ್ವ" ಅಂದರು.

ಮುಳುಗಿದ ಆ ಊರನ್ನು ಅಜ್ಜಿಯೂ ಕಣ್ಣಾರೆ ಕಂಡವರಲ್ಲ. ಕನ್ನಂಬಾಡಿ ಕಟ್ಟೆ, ಅಂದರೆ ಕೆ.ಆರ್.ಎಸ್. ಅಣೆಕಟ್ಟೆಯ ಕೆಲಸ ಶುರುವಾದದ್ದು 1911ರಲ್ಲಿ. ಗಂಟುಮೂಟೆ ಕಟ್ಟಿ ಹೊರಟವರು ಅವರ ತವರಿನ ಹಿರಿಯರು. ಬಾಯಿಂದ ಬಾಯಿಗೆ ಬಂದ ಊರದು. ಅದಕ್ಕೇ ಬಾವಿ ಒಂದು ಸಲ ಗುಡಿಯ ಮುಂದಿರುತ್ತೆ, ಇನ್ನೊಂದು ಸಲ ಹಿಂದಿರುತ್ತೆ. ನೀನು ತಿದ್ದಲು ಹೋಗದೆ ಎರಡನ್ನೂ ಉಳಿಸಿಕೊಂಡಿದ್ದೀಯಲ್ಲ, ನನಗೆ ತುಂಬಾ ಹಿಡಿಸಿದ್ದು ಅದೇ.

ವೇಣುಗೋಪಾಲಸ್ವಾಮಿ ಗುಡಿಯನ್ನು ನೀರಿಂದೆತ್ತಿ, ಕಲ್ಲು ಕಲ್ಲಾಗಿ ಬಿಚ್ಚಿ, ಹೊಸ ಕನ್ನಂಬಾಡಿಯಲ್ಲಿ ಮತ್ತೆ ಜೋಡಿಸಿದರು. ಸಂತೋಷವೇ. ಆದರೆ ಕಣ, ಹಟ್ಟಿ, ಹುಣಸೆಮರದ ಹೊಲ, ಇವನ್ನೆಲ್ಲ ಯಾರು ಜೋಡಿಸುತ್ತಾರೆ? ಅಜ್ಜಿ ಹೊಲಗಳ ಹೆಸರು ಹೇಳುತ್ತಾ ಹೋಗುವ ಭಾಗ ಇನ್ನಷ್ಟು ಉದ್ದ ಇರಲಿ ಮಗಳೇ. ಗುಡಿಯ ದೃಶ್ಯ ಬೇಕಾದರೆ ಕಡಿಮೆ ಮಾಡು.

ಒಂದು ಮಾತು ಮಾತ್ರ ಹೇಳಲೇಬೇಕು. ನೀನು ಬರೀ ಮುಳುಗಿದ್ದನ್ನು ತೋರಿಸಿದ್ದೀಯ. ಅದೇ ನೀರು ಹುಲಿಕೆರೆ ಸುರಂಗ ದಾಟಿ, ವಿಶ್ವೇಶ್ವರಯ್ಯ ನಾಲೆಯಲ್ಲಿ ಹರಿದು ನನ್ನ ತವರಿನ ಗದ್ದೆಗೆ ಬಂತು. ರಾಗಿ ಕಂಡಿದ್ದ ನೆಲ ಭತ್ತ, ಕಬ್ಬು ಕಂಡಿತು. 1933ರಲ್ಲಿ ಮಂಡ್ಯಕ್ಕೆ ಸಕ್ಕರೆ ಕಂಪನಿ ಬಂತು. ನಮ್ಮಪ್ಪ ಕಬ್ಬಿನ ದುಡ್ಡಲ್ಲೇ ನನ್ನನ್ನು ಓದಿಸಿದ್ದು. ಮೈಸೂರಿನ ಕಾವಾ ಕಲಾಶಾಲೆಗೆ ನಿನ್ನ ಫೀಸು ಕಟ್ಟಿದ್ದೂ ಆ ಗದ್ದೆಯಿಂದಲೇ. ಕಟ್ಟೆ 124.80 ಅಡಿ ತುಂಬಿತು ಅಂತ ಪೇಪರಲ್ಲಿ ಬಂದ ದಿನ ನನ್ನ ತವರಲ್ಲಿ ಒಬ್ಬಟ್ಟು ಮಾಡುತ್ತಾರೆ. ಅಜ್ಜಿ ಅದೇ ಪೇಪರ್ ಮಡಚಿಟ್ಟು, "ಇನ್ನೇನೂ ಕಾಣಕ್ಕಿಲ್ಲ ಬುಡು" ಅನ್ನುತ್ತಾರೆ. ಈ ಎರಡೂ ಮನೆಯ ಕೂಸು ನೀನು. ಎರಡು ಸ್ಪೀಕರ್ ಇಟ್ಟು ಎರಡೂ ದನಿ ಒಟ್ಟಿಗೆ ಕೇಳಿಸು. ಒಂದರ ಮಾತು ಇನ್ನೊಂದರ ಮೇಲೆ ಬಿದ್ದು ಗೋಜಲಾದರೂ ಚಿಂತೆಯಿಲ್ಲ, ಈ ಮನೆಯಲ್ಲಿ ನಮಗೆ ಕೇಳಿಸುವುದೂ ಹಾಗೇ.

ಕಲಾವಿದೆ ಪುಷ್ಪಮಾಲಾ ಎನ್. ಅವರು ರವಿವರ್ಮನ ಚಿತ್ರದ ಹೆಣ್ಣಿನ ವೇಷ ತೊಟ್ಟು ತಾವೇ ಕ್ಯಾಮೆರಾ ಮುಂದೆ ನಿಂತ ಫೋಟೊಗಳನ್ನು ನೀನೇ ನನಗೆ ತೋರಿಸಿದ್ದೆ. ನಿನ್ನದರಲ್ಲಿ ನೀರಿದೆ, ಸೀರೆಯಿದೆ, ಅಜ್ಜಿಯಿದ್ದಾರೆ, ನೀನೆಲ್ಲಿ? ನಾಲೆಯ ಏರಿ ಮೇಲೆ ಒಂದು ಸಲ ನೀನೂ ನಿಲ್ಲು.

ಬೆಂಗಳೂರಿನ ಗ್ಯಾಲರಿಗಿಂತ ಮುಂಚೆ ಇದನ್ನು ಇಲ್ಲಿ ತೋರಿಸಬೇಕು ಅಂತ ನನ್ನಾಸೆ. ಪಿತೃಪಕ್ಷಕ್ಕೆ ಎಡೆ ಇಡುವ ದಿನ ಬಂದುಬಿಡು. ಅಜ್ಜಿಯ ತವರಿನವರೆಲ್ಲ ಸೇರಿರುತ್ತಾರೆ, ಅವರು ಹೇಳುವುದನ್ನೂ ರೆಕಾರ್ಡ್ ಮಾಡಿಕೊ. ಸಮುದಾಯ ಭವನಕ್ಕೆ ಅಪ್ಪ ಕೇಳುತ್ತಾರಂತೆ. ಪ್ರೊಜೆಕ್ಟರಿಗೆ ಏನೇನು ಬೇಕು, ಬರೆದು ಕಳಿಸು.

ನಿನ್ನ ಅಮ್ಮ