ಕಾಕಂಬಿಗೆ ಅವಸರ ಬೇಡ

ಮಾನ್ಯರೆ,

ಅಮೆರಿಕದ ಕನ್ನಡ ಕೂಟಗಳ ಪಿಕ್ನಿಕ್‌ಗೆ ಬೇಕ್ಡ್ ಬೀನ್ಸ್ (ಓವನ್ನಿನಲ್ಲಿ ನಿಧಾನವಾಗಿ ಬೇಯಿಸುವ ಸಿಹಿ ಕಾಳು) ಮಾಡುವವರಿಗೆ ಒಂದು ಮಾತು. ಕಾಳು ಗಟ್ಟಿಯಾಗಿಯೇ ಉಳಿದರೆ ಓವನ್ನನ್ನು ಬೈಯಬೇಡಿ. ಕಾಕಂಬಿ (ಮೊಲಾಸಸ್), ಟೊಮೆಟೊ ಬೇಗ ಬಿದ್ದಿರುತ್ತವೆ. ಹುಳಿಯೂ ಕಾಕಂಬಿಯ ಕ್ಯಾಲ್ಸಿಯಂ ಕೂಡ ಕಾಳನ್ನು ಮೆತ್ತಗಾಗಲು ಬಿಡುವುದಿಲ್ಲ.

50 ಜನಕ್ಕೆ 3 ಕೆ.ಜಿ. ಒಣ ನೇವಿ ಬೀನ್ಸ್ (ಸಣ್ಣ ಬಿಳಿ ಕಾಳು) ರಾತ್ರಿಯಿಡೀ ನೆನೆಸಿ, ನೀರು ಬಸಿದು, ಹೊಸ ನೀರಲ್ಲಿ ಕುದಿಸಿ. ಚಮಚದಲ್ಲಿ ನಾಲ್ಕು ಕಾಳು ಎತ್ತಿ ಊದಿದರೆ ಸಿಪ್ಪೆ ಬಿರಿದು ಸುರುಳಿಕೊಳ್ಳಬೇಕು. ಆಮೇಲಷ್ಟೇ ಈರುಳ್ಳಿ, ಸಾಸಿವೆ ಪುಡಿ, ಉಪ್ಪು, ಅರ್ಧ ಲೀಟರ್ ಕಾಕಂಬಿ (ಬೆಲ್ಲವಾದರೂ ಸೈ). ಮುಚ್ಚಿ, ಓವನ್ನಿನಲ್ಲಿ 150 ಡಿಗ್ರಿ ಸೆಲ್ಸಿಯಸ್‌ನಲ್ಲಿ 4–5 ಗಂಟೆ. ನೀರು ಇಂಗಿದರೆ ಬಿಸಿನೀರೇ ಹಾಕಿ. ಕೊನೆಯ ಅರ್ಧ ಗಂಟೆ ಮುಚ್ಚಳ ಬೇಡ.

ಕೆಂಪು ರಾಜ್ಮಾ ಬಳಸಿದರೆ ಮೊದಲು ಕನಿಷ್ಠ 10 ನಿಮಿಷ ಕೊತಕೊತ ಕುದಿಯಲೇಬೇಕು. ಇಲ್ಲವಾದರೆ ವಾಂತಿ ಭೇದಿ.

– ಓದುಗರು