ಫರ್ಮ್‌ವೇರ್ ಕಡತಗಳನ್ನು ಕಂಪನಿಗಳೇ ಬಹಿರಂಗವಾಗಿ ಕೊಡಲಿ

ಮಾನ್ಯ ಸಂಪಾದಕರೇ,

ಇಳಕಲ್, ಗುಳೇದಗುಡ್ಡ, ರಬಕವಿ-ಬನಹಟ್ಟಿಯಂತಹ ನೇಕಾರರ ಊರುಗಳಲ್ಲಿ ಸೀರೆಯ ಫೋಟೊ ಕಳಿಸುವುದು, ಆರ್ಡರ್ ಹಿಡಿಯುವುದು, ಹಣ ಪಡೆಯುವುದು ಎಲ್ಲವೂ ಈಗ ಮೊಬೈಲ್ ಫೋನಿನಲ್ಲೇ ನಡೆಯುತ್ತವೆ. ಅಂತಹ ಫೋನು ಕಂಪನಿಯ ಲೋಗೊ ತೋರಿಸಿ ಮುಂದೆ ಹೋಗದೆ ನಿಂತರೆ ಜನ ರಿಪೇರಿ ಅಂಗಡಿಗೆ ಬಂದು ಹೇಳುವುದು ಒಂದೇ ಮಾತು: ‘ಸಾಫ್ಟ್‌ವೇರ್ ಹೊಡದು ಕೊಡ್ರಿ, ಲಗೂ ಬೇಕು.’ ಆ ಸಾಫ್ಟ್‌ವೇರ್, ಅಂದರೆ ಫೋನನ್ನು ನಡೆಸುವ ಮೂಲ ತಂತ್ರಾಂಶವಾದ ಫರ್ಮ್‌ವೇರ್‌ನ ಕಡತ, ಎಲ್ಲಿಂದ ಬಂತು, ಅದು ಈ ಫೋನಿನದೇ ಹೌದೋ ಅಲ್ಲವೋ ಎಂದು ಕೇಳುವವರು ಬಹಳ ಕಡಿಮೆ. ಬಾಗಲಕೋಟೆ ಜಿಲ್ಲೆಯಲ್ಲಿ ಮೊಬೈಲ್ ರಿಪೇರಿ ವೃತ್ತಿಯಲ್ಲಿರುವ ನಾನು ಈ ಪ್ರಶ್ನೆಯನ್ನು ಓದುಗರ ಮುಂದೆ, ಅದಕ್ಕಿಂತ ಹೆಚ್ಚಾಗಿ ಫೋನು ತಯಾರಿಸುವ ಕಂಪನಿಗಳ ಮುಂದೆ ಇಡಲು ಬಯಸುತ್ತೇನೆ.

ಎಲ್ಲ ಕಂಪನಿಗಳ ನಡೆಯೂ ಒಂದೇ ಅಲ್ಲ. ಗೂಗಲ್ ತನ್ನ ಪಿಕ್ಸೆಲ್ ಫೋನುಗಳ ಫ್ಯಾಕ್ಟರಿ ಇಮೇಜ್‌ಗಳನ್ನು, ಅಂದರೆ ಪೂರ್ಣ ಫರ್ಮ್‌ವೇರ್ ಕಡತಗಳನ್ನು, ತನ್ನ ತಾಣದಲ್ಲಿ ಎಲ್ಲರಿಗೂ ಸಿಗುವಂತೆ ಇಟ್ಟಿದೆ, ಪ್ರತಿ ಕಡತದ ಜೊತೆಗೆ ಅದರ ಎಸ್‌ಎಚ್‌ಎ-256 ಚೆಕ್‌ಸಮ್ಮನ್ನೂ (ಕಡತದಿಂದಲೇ ಲೆಕ್ಕಹಾಕಿದ ಗುರುತಿನ ಸಾಲು, ಕಡತ ಸ್ವಲ್ಪ ಬದಲಾದರೂ ಇದು ಬದಲಾಗುತ್ತದೆ) ಪ್ರಕಟಿಸಿದೆ. ಐಫೋನಿಗೆ ಬೇಕಾದ ಕಡತವನ್ನು ಕಂಪ್ಯೂಟರ್ ನೇರವಾಗಿ ಆಪಲ್ ಸರ್ವರ್‌ನಿಂದಲೇ ತರುತ್ತದೆ. ಆ ಹೊತ್ತಿಗೆ ಆಪಲ್ ಸಹಿ ಮಾಡದ ಆವೃತ್ತಿಯನ್ನು ಫೋನು ಒಪ್ಪುವುದೇ ಇಲ್ಲ. ಆದರೆ ನಮ್ಮ ಮೇಜಿನ ಮೇಲೆ ಬರುವ ಫೋನುಗಳಲ್ಲಿ ಹೆಚ್ಚಿನವು ಕಡಿಮೆ ಬೆಲೆಯವು. ಅವುಗಳ ತಯಾರಕರಲ್ಲಿ ಅನೇಕರು ಪೂರ್ಣ ಕಡತವನ್ನು ತಮ್ಮ ಅಧಿಕೃತ ಸೇವಾ ಕೇಂದ್ರಗಳ ಹೊರಗೆ ಬಿಡುವುದಿಲ್ಲ. ತಾಲ್ಲೂಕಿನ ರಿಪೇರಿಗಾರ ಆಗ ಟೆಲಿಗ್ರಾಂ ಗುಂಪು, ವಿಡಿಯೊದ ಕೆಳಗಿನ ಲಿಂಕು, ದುಡ್ಡು ಕೊಟ್ಟು ಪಾಸ್‌ವರ್ಡ್ ಪಡೆಯಬೇಕಾದ ಜಿಪ್ ಕಡತ ಇವುಗಳನ್ನೇ ನೆಚ್ಚಬೇಕಾಗುತ್ತದೆ. ‘ಮೊದಲು ಆಂಟಿವೈರಸ್ ಆಫ್ ಮಾಡಿ’ ಎಂಬ ಸೂಚನೆಯೂ ಇಂತಹ ಕಡತಗಳ ಜೊತೆ ಬರುವುದುಂಟು. ಆ ಸೂಚನೆ ಕಂಡರೆ ಕಡತವನ್ನು ತೆರೆಯದೆ ಅಳಿಸಿಬಿಡಬೇಕು ಎಂದು ನಾನು ನನ್ನ ಹುಡುಗರಿಗೆ ಹೇಳಿದ್ದೇನೆ.

ಇದು ಅತಿಯಾದ ಭಯವಲ್ಲ. ಟ್ರಯಾಡಾ ಎಂಬ ದುರುದ್ದೇಶದ ತಂತ್ರಾಂಶ ಕೆಲವು ಆಂಡ್ರಾಯ್ಡ್ ಫೋನುಗಳ ಸಿಸ್ಟಂ ಇಮೇಜಿನೊಳಗೇ, ಫೋನು ಪೆಟ್ಟಿಗೆ ಸೇರುವ ಮೊದಲೇ, ಸೇರಿಕೊಂಡಿತ್ತೆಂದು 2019ರಲ್ಲಿ ಗೂಗಲ್‌ನ ಭದ್ರತಾ ತಂಡವೇ ವಿವರಿಸಿತ್ತು. ಸಿಸ್ಟಂನೊಳಗೆ ಕುಳಿತದ್ದು ಫ್ಯಾಕ್ಟರಿ ರಿಸೆಟ್‌ನಿಂದ ಹೋಗುವುದಿಲ್ಲ, ಏಕೆಂದರೆ ರಿಸೆಟ್ ಅಳಿಸುವುದು ಬಳಕೆದಾರರ ದತ್ತಾಂಶವನ್ನು ಮಾತ್ರ. ಕಾರ್ಖಾನೆಯ ದಾರಿಯಲ್ಲೇ ಹೀಗಾಗಬಹುದಾದರೆ, ಯಾರು ತಯಾರಿಸಿದರೆಂದೇ ತಿಳಿಯದ ಕಡತವನ್ನು ಬ್ಯಾಂಕ್ ಆ್ಯಪ್ ಇರುವ ಫೋನಿಗೆ ಹಾಕುವುದು ಎಂತಹ ಅಪಾಯವೆಂಬುದನ್ನು ಗ್ರಾಹಕರು ಯೋಚಿಸಬೇಕು. ಫೋನು ಆನ್ ಆಗುವಾಗ ಮೊದಲು ಓಡುವ ತಂತ್ರಾಂಶವಾದ ಬೂಟ್‌ಲೋಡರ್ ಲಾಕ್ ಆಗಿದ್ದರೆ ಅದು ಸಾಮಾನ್ಯವಾಗಿ ತಿದ್ದಿದ ಇಮೇಜನ್ನು ತಿರಸ್ಕರಿಸುತ್ತದೆ. ಆದ್ದರಿಂದ, ಬರೀ ರಿಪೇರಿಗೆಂದು ಕೊಟ್ಟ ಫೋನಿನ ಬೂಟ್‌ಲೋಡರ್ ಅನ್‌ಲಾಕ್ ಮಾಡಬೇಕೆಂದು ಯಾರಾದರೂ ಹೇಳಿದರೆ ಕಾರಣ ಕೇಳಿ.

ಕಡತ ಅಸಲಿಯೇ ಆಗಿದ್ದರೂ ಫೋನಿಗೆ ಹೊಂದದಿದ್ದರೆ ಫೋನು ಪೂರ್ತಿ ಡೆಡ್ ಆಗಬಹುದು. ಪೆಟ್ಟಿಗೆಯ ಮೇಲಿನ ಹೆಸರನ್ನು ನಂಬಬಾರದು. ರೆಡ್‌ಮಿ ನೋಟ್ 4 ಎಂಬ ಒಂದೇ ಹೆಸರಿನಲ್ಲಿ ಮೀಡಿಯಾಟೆಕ್ ಚಿಪ್‌ನದೊಂದು, ಸ್ನಾಪ್‌ಡ್ರಾಗನ್ ಚಿಪ್‌ನದೊಂದು ಫೋನು ಬಂದಿದ್ದವು. ಭಾರತದಲ್ಲಿ 2017ರಲ್ಲಿ ಮಾರಾಟವಾದದ್ದು ಎರಡನೆಯದು. ಒಂದರ ಕಡತ ಇನ್ನೊಂದಕ್ಕೆ ನಡೆಯುವುದಿಲ್ಲ. ಸೆಟ್ಟಿಂಗ್ಸ್‌ನಲ್ಲಿ ಕಾಣುವ ಮಾಡೆಲ್ ನಂಬರು, ಬಿಲ್ಡ್ ನಂಬರು, ಯಾವ ದೇಶಕ್ಕೆಂದು ತಯಾರಾದದ್ದು ಎಂಬ ಗುರುತು, ಈ ಮೂರೂ ಹೊಂದಬೇಕು. ಹಳೆಯ ಆವೃತ್ತಿಗೆ ಹಿಂದಿರುಗಿಸುವಾಗ ಇನ್ನೂ ಎಚ್ಚರ ಬೇಕು. ಪಿಕ್ಸೆಲ್ 6 ಸರಣಿಗೆ 2022ರ ಆಗಸ್ಟ್‌ನಲ್ಲಿ ಆಂಡ್ರಾಯ್ಡ್ 13 ಬಂದಾಗ, ಅದನ್ನು ಹಾಕಿಕೊಂಡವರು ಮತ್ತೆ 12ಕ್ಕೆ ಮರಳಲು ಸಾಧ್ಯವಿಲ್ಲವೆಂದು ಗೂಗಲ್ ತಿಳಿಸಿತ್ತು. ಸ್ಯಾಮ್‌ಸಂಗ್ ಬಿಲ್ಡ್ ನಂಬರಿನಲ್ಲಿ ಕೊನೆಯಿಂದ ಐದನೆಯ ಅಕ್ಷರ ಹಿಂದಿರುಗುವ ಈ ಮಿತಿಯನ್ನೇ ಸೂಚಿಸುತ್ತದೆ: ಫೋನಿನಲ್ಲಿ ಅಲ್ಲಿ 5 ಇದ್ದರೆ, 4 ಇರುವ ಕಡತವನ್ನು ಫೋನು ತಿರಸ್ಕರಿಸುತ್ತದೆ.

ಫರ್ಮ್‌ವೇರ್ ಹಾಕುವಾಗ ತಪ್ಪಾಗಿ ಹಾಕಿದ ಒಂದೊಂದು ಟಿಕ್ ಗುರುತು ಎಷ್ಟು ಹಾನಿ ಮಾಡುತ್ತದೆಂಬುದನ್ನು ಹೊರಗಿನವರು ಊಹಿಸಲಾರರು. ಸ್ಯಾಮ್‌ಸಂಗ್ ಕಡತದಲ್ಲಿ ಸಿಎಸ್‌ಸಿ, ಹೋಂ ಸಿಎಸ್‌ಸಿ ಎಂಬ ಎರಡು ಭಾಗಗಳು ಜೊತೆಯಲ್ಲೇ ಇರುತ್ತವೆ. ಮೊದಲನೆಯದನ್ನು ಆರಿಸಿದರೆ ಫೋನಿನೊಳಗಿನ ಎಲ್ಲ ಫೋಟೊ, ಸಂದೇಶ ಅಳಿಯುತ್ತವೆ. ಎರಡನೆಯದು ಅವನ್ನು ಉಳಿಸುತ್ತದೆ. ಮೀಡಿಯಾಟೆಕ್ ಫೋನುಗಳಿಗೆ ಬಳಸುವ ಎಸ್‌ಪಿ ಫ್ಲ್ಯಾಶ್ ಟೂಲ್‌ನಲ್ಲಿ ‘ಫಾರ್ಮ್ಯಾಟ್ ಆಲ್ + ಡೌನ್‌ಲೋಡ್’ ಎಂಬ ಆಯ್ಕೆಯಿದೆ. ಅವಸರದಲ್ಲಿ ಅದನ್ನು ಒತ್ತಿದರೆ ಎನ್‌ವಿರ್‍ಯಾಮ್ ಎಂಬ, ನೆಟ್‌ವರ್ಕ್‌ಗೆ ಬೇಕಾದ ವಿವರಗಳಿರುವ ಭಾಗವೂ ಅಳಿದು, ಫೋನು ಆನ್ ಆಗುತ್ತದೆ, ಆದರೆ ಪ್ರತಿ ಫೋನಿಗೂ ಬೇರೆಯಾಗಿರುವ ಗುರುತಿನ ಸಂಖ್ಯೆಯಾದ ಐಎಂಇಐ ನಂಬರು ಇರುವುದಿಲ್ಲ, ಸಿಮ್‌ಗೆ ನೆಟ್‌ವರ್ಕ್ ಸಿಗುವುದಿಲ್ಲ. ಬಹಳಷ್ಟು ಕೆಲಸಕ್ಕೆ ‘ಡೌನ್‌ಲೋಡ್ ಓನ್ಲಿ’ ಸಾಕು, ಅದಕ್ಕೂ ಮೊದಲು ಎನ್‌ವಿರ್‍ಯಾಮ್‌ನ ಪ್ರತಿಯನ್ನು ತೆಗೆದಿಡುವುದು ಕಡ್ಡಾಯವೆಂದೇ ನಾನು ಭಾವಿಸುತ್ತೇನೆ. ಕೆಲವರು ಈ ತಪ್ಪನ್ನು ಮುಚ್ಚಲು ಬೇರೆ ಯಾವುದೋ ಐಎಂಇಐ ಬರೆದು ಕೊಡುತ್ತಾರೆ. ಅದು ಅಪರಾಧ. 2023ರ ದೂರಸಂಪರ್ಕ ಕಾಯ್ದೆಯಲ್ಲಿ ಇದಕ್ಕೆ ಮೂರು ವರ್ಷದವರೆಗೆ ಸೆರೆವಾಸ, 50 ಲಕ್ಷ ರೂಪಾಯಿವರೆಗೆ ದಂಡ ಅಥವಾ ಎರಡೂ ಇವೆ. ರಿಪೇರಿಯಾದ ಫೋನನ್ನು ಪಡೆಯುವಾಗ ಗ್ರಾಹಕರು ಅಂಗಡಿಯಲ್ಲೇ *#06# ಒತ್ತಿ, ಬರುವ 15 ಅಂಕಿಗಳನ್ನು ಪೆಟ್ಟಿಗೆ ಅಥವಾ ಬಿಲ್ಲಿನ ಮೇಲಿನ ಅಂಕಿಗಳ ಜೊತೆ ಹೋಲಿಸಲಿ. ಅದಕ್ಕೆ ಅರ್ಧ ನಿಮಿಷ ಸಾಕು, ಅದರಿಂದ ಬೇಸರವಾಗುವ ಪ್ರಾಮಾಣಿಕ ರಿಪೇರಿಗಾರ ಯಾರೂ ಇಲ್ಲ.

ಬ್ಯಾಟರಿ ಅರ್ಧಕ್ಕಿಂತ ಹೆಚ್ಚು ಚಾರ್ಜ್ ಇರಬೇಕು, ಕೇಬಲ್ ಸಡಿಲ ಇರಬಾರದು, ಕರೆಂಟ್ ಹೋದರೂ ಆರದ ಲ್ಯಾಪ್‌ಟಾಪ್‌ನಲ್ಲೇ ಕೆಲಸ ಮಾಡಬೇಕು ಎಂಬುದನ್ನು ವೃತ್ತಿಯವರಿಗೆ ಬಿಡಿಸಿ ಹೇಳಬೇಕಿಲ್ಲ. ಚೆಕ್‌ಸಮ್ ಹೋಲಿಸುವ ರೂಢಿ ಮಾತ್ರ ನಮ್ಮಲ್ಲಿ ಇನ್ನೂ ಬಂದಿಲ್ಲ. ಪ್ರಕಟವಾದ 64 ಅಕ್ಷರ-ಅಂಕಿಗಳ ಸಾಲನ್ನು, ವಿಂಡೋಸ್‌ನಲ್ಲೇ ಇರುವ ಸರ್ಟ್‌ಯುಟಿಲ್ ಆದೇಶದಿಂದ ಬಂದ ಸಾಲಿನ ಜೊತೆ ಇಟ್ಟು ನೋಡಿದರೆ, ಇಳಿಸಿಕೊಂಡ ಕಡತ ಸರಿಯಾದದ್ದೋ, ಅರ್ಧಕ್ಕೆ ನಿಂತು ಅಥವಾ ಯಾರಾದರೂ ತಿದ್ದಿ ಬದಲಾದದ್ದೋ ಎಂಬುದು ಅಲ್ಲೇ ಗೊತ್ತಾಗುತ್ತದೆ. ಆದರೆ ಹೋಲಿಸಲು ಕಂಪನಿ ಆ ಸಾಲನ್ನು ಪ್ರಕಟಿಸಿರಬೇಕಲ್ಲ!

ನನ್ನ ಮುಖ್ಯ ಅಹವಾಲು ಇರುವುದು ಇಲ್ಲೇ. ಕಡತವನ್ನು ಬಹಿರಂಗಪಡಿಸಿದರೆ ಕಳ್ಳರಿಗೆ ಅನುಕೂಲವಾಗುತ್ತದೆ ಎಂಬ ವಾದವನ್ನು ನಾನು ಒಪ್ಪುವುದಿಲ್ಲ. 2015ರ ಆಂಡ್ರಾಯ್ಡ್ 5.1ರಿಂದ ಇರುವ ಎಫ್‌ಆರ್‌ಪಿ ಬೀಗ (ರಿಸೆಟ್ ಮಾಡಿದ ಮೇಲೂ ಹಳೆಯ ಗೂಗಲ್ ಖಾತೆಯನ್ನು ಕೇಳುವ ವ್ಯವಸ್ಥೆ) ಪ್ರತ್ಯೇಕ ಭಾಗದಲ್ಲಿದ್ದು, ಅಸಲಿ ಫರ್ಮ್‌ವೇರ್ ಹಾಕಿದ ಮಾತ್ರಕ್ಕೆ ಸಾಮಾನ್ಯವಾಗಿ ತೆರೆಯುವುದಿಲ್ಲ. ಕಳುವಾದ ಫೋನನ್ನು ಕೇಂದ್ರ ಸರ್ಕಾರದ ಸಂಚಾರ್ ಸಾಥಿ ತಾಣದ ಮೂಲಕ ಐಎಂಇಐ ಆಧಾರದಲ್ಲಿ ತಡೆಹಿಡಿಯುವ ವ್ಯವಸ್ಥೆಯೂ 2023ರ ಮೇ ತಿಂಗಳಿನಿಂದ ದೇಶದಾದ್ಯಂತ ಇದೆ. ಅಸಲಿ ಕಡತವನ್ನು ಬಚ್ಚಿಟ್ಟರೆ ಲಾಭವಾಗುವುದು ನಕಲಿ ಕಡತ ಮಾರುವವರಿಗೆ ಮಾತ್ರ. ಯುರೋಪ್ ಒಕ್ಕೂಟದಲ್ಲಿ 2025ರ ಜೂನ್ 20ರಿಂದ ಜಾರಿಗೆ ಬಂದ ನಿಯಮಗಳು, ಬಿಡಿಭಾಗ ಬದಲಿಸಲು ಬೇಕಾಗುವ ತಂತ್ರಾಂಶ ಮತ್ತು ಫರ್ಮ್‌ವೇರ್ ವೃತ್ತಿಪರ ರಿಪೇರಿಗಾರರಿಗೂ ಸಿಗಬೇಕೆನ್ನುತ್ತವೆ. ನಮ್ಮ ಕೇಂದ್ರ ಗ್ರಾಹಕ ವ್ಯವಹಾರಗಳ ಇಲಾಖೆ 2022ರ ಡಿಸೆಂಬರ್ 24ರಂದು ‘ರೈಟ್ ಟು ರಿಪೇರ್’ ಪೋರ್ಟಲ್ ಆರಂಭಿಸಿದೆ. ಭಾರತದಲ್ಲಿ ಮಾರಾಟವಾಗುವ ಪ್ರತಿ ಮಾದರಿಯ ಪೂರ್ಣ ಫರ್ಮ್‌ವೇರ್ ಕಡತ, ಅದರ ಚೆಕ್‌ಸಮ್, ಹಿಂದಿರುಗಿಸಬಹುದಾದ ಕೊನೆಯ ಆವೃತ್ತಿಯ ವಿವರ ಇವುಗಳನ್ನು ಕಂಪನಿಗಳು ಅಲ್ಲಿ ಕಡ್ಡಾಯವಾಗಿ ಕೊಡುವಂತೆ ಇಲಾಖೆ ಆದೇಶಿಸಬೇಕು. ಆ ಪುಟದ ಕ್ಯೂಆರ್ ಕೋಡನ್ನು ಫೋನಿನ ಪೆಟ್ಟಿಗೆಯ ಮೇಲೆ, ಐಎಂಇಐ ಚೀಟಿಯ ಪಕ್ಕದಲ್ಲೇ ಮುದ್ರಿಸಬೇಕು. ಗ್ರಾಮೀಣ ಸ್ವಉದ್ಯೋಗ ತರಬೇತಿ ಸಂಸ್ಥೆಗಳು ಮೊಬೈಲ್ ರಿಪೇರಿ ಕಲಿಸುವಾಗ ಬೆಸುಗೆಯ ಜೊತೆಗೆ ಕಡತ ಪರಿಶೀಲನೆಯನ್ನೂ ಪಾಠಕ್ರಮಕ್ಕೆ ಸೇರಿಸಬೇಕೆಂದು ಜಿಲ್ಲಾಡಳಿತವನ್ನು ಕೋರುತ್ತೇನೆ.

– ಒಬ್ಬ ಮೊಬೈಲ್ ರಿಪೇರಿಗಾರ, ಇಳಕಲ್, ಬಾಗಲಕೋಟೆ ಜಿಲ್ಲೆ